ಉಚ್ಚಂಗೆಮ್ಮನ ರಾಜೀನಾಮೆ

ನೌಕರಿ ಬಿಡುವುದರಲ್ಲೂ ಎರಡು ಬಗೆ ಉಂಟೆಂದು ಉಚ್ಚಂಗೆಮ್ಮನಿಗೆ ಮೊದಲು ತಿಳಿದದ್ದು ಕೂಡ್ಲಿಗಿಯ ವಕೀಲ ಗುರುಸಂಗಪ್ಪನವರ ಆಫೀಸಿನಲ್ಲಿ. ಅಲ್ಲಿಯವರೆಗೆ ಆಕೆ, ಬಸ್ಸಿನ ಮುಂದಿನ ಬಾಗಿಲಲ್ಲಿ ಇಳಿದರೇನು, ಹಿಂದಿನ ಬಾಗಿಲಲ್ಲಿ ಇಳಿದರೇನು, ಇಳಿದದ್ದು ಇಳಿದದ್ದೇ ಎಂದುಕೊಂಡಿದ್ದಳು.

"ಹಂಗಲ್ಲಮ್ಮ," ಎಂದರು ವಕೀಲರು. "ಸ್ವಯಂ ನಿವೃತ್ತಿ ತಗೊಂಡಿದ್ರ ನಿಮ್ಮ ಯಜಮಾನ್ರಿಗೆ ಪಿಂಚಣಿ ಬರ್ತಿತ್ತು. ಇವರು ರಾಜೀನಾಮಿ ಕೊಟ್ಟಾರ. ಹಿಂದಿನ ಸರ್ವೀಸೆಲ್ಲಾ ಹೊಳಿಗೆ ಹಾಕಿದಂಗ."

ಉಚ್ಚಂಗೆಮ್ಮ ಗಂಡನ ಕಡೆ ತಿರುಗಿದಳು. "ಯಾಕ್ರೀ, ನಿವೃತ್ತಿ ಅಂತ ಬರಿಯಾಕ ಕೈಬ್ಯಾನಿ ಆಗಿತ್ತೇನು?"

"ನಿವೃತ್ತಿ ಮುದುಕರು ತಗೊಳ್ಳೋದಲೇ," ಎಂದ ಹುಲುಗಪ್ಪ. "ರಾಜೀನಾಮಿ ಮಂತ್ರಿಗಳು ಕೊಡೋದು!"

ಆದದ್ದಿಷ್ಟು. ಹಗರಿಬೊಮ್ಮನಹಳ್ಳಿಯ ಒಂದು ಸರ್ಕಾರಿ ಕಚೇರಿಯಲ್ಲಿ ಹುಲುಗಪ್ಪ ಇಪ್ಪತ್ತಾರು ವರ್ಷ ಅಟೆಂಡರ್. ಸಾಹೇಬರು ದಿನಾ "ಏ ಹುಲುಗಾ, ಚಾ ತಾರಲೇ" ಅನ್ನುವರು, ಇವನು ದಿನಾ ತರುವನು. (ಹೆಸರಿನ ತುದಿಯ 'ಅಪ್ಪ' ಕಚೇರಿಯ ಹೊಸ್ತಿಲಾಚೆ ಚಪ್ಪಲಿಯ ಜೊತೆಗೇ ಉಳಿಯುತ್ತಿತ್ತು.) ಆದರೆ ಆವತ್ತು ಸೊಸೆ ರಮಾಳ ಅಪ್ಪ, ಇಟ್ಟಿಗಿಯ ಗಾದೆಪ್ಪ, ಬೀಗರ ದರ್ಬಾರು ನೋಡಲೆಂದು ಬಂದು ಬೆಂಚಿನ ಮೇಲೆ ಕೂತಿದ್ದ. ಅವನ ಮುಂದೆಯೇ ಆ ಮಾತು! ಹುಲುಗಪ್ಪ ಚಹಾ ತರಲಿಲ್ಲ. ರಾಜೀನಾಮೆ ಬರೆದು, ಬೀಗನಿಗೆ ಗಟ್ಟಿಯಾಗಿ ಓದಿ ಹೇಳಿ, ಸಾಹೇಬರ ಮೇಜಿನ ಮೇಲೆ ಕುಕ್ಕಿ, ಮೀಸೆ ತಿರುವುತ್ತ ಮನೆಗೆ ಬಂದ. ವಾಪಸು ತಗೋ ಎಂದು ಗುಮಾಸ್ತರು ಹೇಳಿ ಕಳಿಸಿದರೂ ಹೋಗಲಿಲ್ಲ. ಹೋಗುವುದಾದರೂ ಹೇಗೆ? ಅಷ್ಟರಲ್ಲಿ ಗಾದೆಪ್ಪ ಇಟ್ಟಿಗಿಯ ಕಟ್ಟೆಕಟ್ಟೆಗೂ ಬೀಗನ ಪರಾಕ್ರಮ ಸಾರಿಯಾಗಿತ್ತು.

"ಶಬ್ದ ನೋಡಬ್ಯಾಡ್ರಿ, ಸೇವಾ ನೋಡ್ರಿ ಅಂತ ವಾದ ಮಾಡೋಣು," ಎಂದು ವಕೀಲರು ಕೇಸು ಹಾಕಿದರು. ಅದು ಬಸವನಹುಳದಂತೆ ತೆವಳತೊಡಗಿತು. ಉಚ್ಚಂಗೆಮ್ಮನ ಕೋರ್ಟಿಗೆ ಮಾತ್ರ ರಜೆಯೇ ಇಲ್ಲ. ಗಂಡ ಇನ್ನೊಂದು ಹೋಳು ಉಪ್ಪಿನಕಾಯಿ ಕೇಳಿದರೂ ಸಾಕು, "ರಾಜೀನಾಮಿ ಕೊಟ್ಟೋರಿಗೆ ಏನೂ ಇಲ್ಲ!"

ಹೀಗಿರಲು ಒಂದು ಭಾನುವಾರ ಗಾದೆಪ್ಪ ಮತ್ತೆ ಬಂದ. ಉಚ್ಚಂಗೆಮ್ಮ ಸೆರಗು ಹೊದ್ದು, ಮನೆಯ ಯಜಮಾನಿಯ ಗತ್ತಿನಲ್ಲಿ ಪಡಸಾಲೆಯಲ್ಲಿ ಕೂತಿದ್ದಳು. ಫೋನಿನಲ್ಲಿ ಮಾತಾಡುತ್ತಿದ್ದ ರಮಾ ಒಳಗಿನಿಂದಲೇ ಕೂಗಿದಳು: "ಅತ್ತೀ, ನಮ್ಮಪ್ಪಗ ಒಂದೀಟು ಚಾ ತರ್ರಿ!"

ಬೀಗನ ಮುಂದೆ! ಉಚ್ಚಂಗೆಮ್ಮ ಎದ್ದಳು, ಮಸಾಲೆ ಡಬ್ಬಿ ತಂದು ಸೊಸೆಯ ಮುಂದೆ ಕುಕ್ಕಿದಳು. "ಮೂವತ್ತು ವರ್ಷ ಈ ಒಲಿ ಮುಂದ ಬೆಂದೀನಿ. ಇವತ್ತಿಗೆ ನನ್ನ ರಾಜೀನಾಮಿ!"

ಮೂಲೆಯಲ್ಲಿ ಪೇಪರ್ ಹಿಡಿದಿದ್ದ ಹುಲುಗಪ್ಪನ ಮುಖ ನೌಕರಿ ಬಿಟ್ಟಂದಿನಿಂದ ಮೊದಲ ಸಲ ಅರಳಿತು.

ಮರುದಿನ ಊಟಕ್ಕೆ ಕೂತರೆ ಉಚ್ಚಂಗೆಮ್ಮನ ತಾಟಿಗೆ ಬಿದ್ದದ್ದು ಬೆಳಗಿನ ಉಪ್ಪಿಟ್ಟು.

"ಬಿಸಿ ರೊಟ್ಟಿ ಎಲ್ಲವ್ವಾ?"

"ಅದು ನಿವೃತ್ತಿ ಆದೋರಿಗೆ, ಅತ್ತಿ. ರಾಜೀನಾಮಿ ಕೊಟ್ಟೋರಿಗೆ ಏನೂ ಇಲ್ಲ ಅಂತ ನೀವ ದಿನಾ ಮಾವಗ ಹೇಳ್ತೀರಲ್ರೀ."

ಆಗ ಹುಲುಗಪ್ಪ ಟವೆಲನ್ನು ಕರಿಕೋಟಿನಂತೆ ಹೆಗಲಿಗೇರಿಸಿ ಎದ್ದು ನಿಂತ. "ಶಬ್ದ ನೋಡಬ್ಯಾಡವ್ವ, ಸೇವಾ ನೋಡು! ಇಷ್ಟು ವರ್ಷ ದುಡಿದೋರು ಒಂದಿನ ಸಿಟ್ಟಿನಾಗ ಒಂದು ಮಾತು ಆಡಿದ್ರ, ದುಡಿದದ್ದೆಲ್ಲಾ ಸುಳ್ಳಾಗ್ತೈತೇನು?" ತನಗಾಗಿ ಗಂಡ ಇಷ್ಟು ಚೆಂದ ಮಾತಾಡಿದ್ದನ್ನು ಉಚ್ಚಂಗೆಮ್ಮ ಮದುವೆಯಾದಂದಿನಿಂದ ಕೇಳಿರಲಿಲ್ಲ. (ತನಗಾಗಿಯೋ, ಅವನಿಗಾಗಿಯೋ, ಆ ಮಾತು ಬೇರೆ.)

"ಆತು ಬಿಡ್ರಿ, ಸ್ವಯಂ ನಿವೃತ್ತಿ ಅಂತ ಒಪ್ಪೀನಿ," ಎಂದು ರಮಾ ತೀರ್ಪು ಕೊಟ್ಟಳು. "ದಿನಾ ಬಿಸಿ ರೊಟ್ಟಿ ಕುಂತಲ್ಲೇ ಬರ್ತಾವು. ಆದ್ರ ನಿವೃತ್ತಿ ಆದೋರು ಮತ್ತ ಒಲಿ ಕಡಿ ಬರಂಗಿಲ್ಲ. ಮಸಾಲಿ ಡಬ್ಬಿ ಇನ್ನ ನಂದು."

ಉಚ್ಚಂಗೆಮ್ಮ ಗೆದ್ದಳು. ಗೆದ್ದು, ತನ್ನದೇ ಅಡುಗೆಮನೆಯನ್ನು ಹೊಸ್ತಿಲಾಚೆಯಿಂದ ನೋಡುತ್ತ, ಚಪ್ಪಲಿಯಂಥ ಬಿಸಿ ರೊಟ್ಟಿಯನ್ನು ಅಗಿದಳು.

ಒಂದು ಮಧ್ಯಾಹ್ನ ರಮಾ ಪೇಟೆಗೆ ಹೋಗಿದ್ದಳು. ಕುರ್ಚಿಯಲ್ಲಿ ಕಾಲು ಚಾಚಿದ್ದ ಹುಲುಗಪ್ಪ ಬೀದಿಬಾಗಿಲನ್ನು ಒಮ್ಮೆ ನೋಡಿದ, ಬಿಕೋ ಎನ್ನುವ ಒಲೆಯನ್ನು ಒಮ್ಮೆ ನೋಡಿದ, ಆಮೇಲೆ ಹೊಸ್ತಿಲಾಚೆಯಿಂದ ಅದನ್ನೇ ನೋಡುತ್ತ ಕೂತಿದ್ದ ಹೆಂಡತಿಯನ್ನು ನೋಡಿದ.

"ಏ ಉಚ್ಚಂಗೀ," ಎಂದ, "ಚಾ ತಾರಲೇ."