ಚಿಪ್ಪಿಗೆ ಕನ್ನಡದಲ್ಲಿ ಏನಂತಾರೆ?

ದುಬೈಯಲ್ಲಿ ನಾಲ್ಕು ಜನರೆದುರು ಒಮ್ಮೆ ಪುಸ್ತಕ ಹಿಡಿದು ಕೂತರೆ ಸಾಕು, ಆಮೇಲೆ ಕನ್ನಡಕ್ಕೆ ಸಂಬಂಧಪಟ್ಟ ಎಲ್ಲ ರಿಪೇರಿ ಕೆಲಸವೂ ನಿಮ್ಮ ಪಾಲಿಗೇ ಬರುತ್ತದೆ. ಮದುವೆ ಕರೆಯೋಲೆಯ ಒತ್ತಕ್ಷರ, ಸಂಘದ ಬ್ಯಾನರಿನ ಮಹಾಪ್ರಾಣ, ಹುಟ್ಟಲಿರುವ ಮಗುವಿಗೆ ಎರಡಕ್ಷರದ ಹೆಸರು. ನನಗೆ ಇದು ಅಭ್ಯಾಸವಾಗಿದೆ. ಕೇಳಿದ್ದಕ್ಕೆ ಉತ್ತರ ಹೇಳಿ ಸುಮ್ಮನಾಗುತ್ತೇನೆ. ಕಳೆದ ಚಳಿಗಾಲದಲ್ಲಿ ಬಂದ ಕೆಲಸ ಮಾತ್ರ ಬೇರೆ ಥರದ್ದು. ಏಡಿ, ಮೀನು, ಮರುವಾಯಿಗಳ ಮೈಮೇಲೆ ಏನೇನಿರುತ್ತದೋ ಅದಕ್ಕೆಲ್ಲ ಕನ್ನಡದಲ್ಲಿ ಹೆಸರು ಹೇಳಬೇಕಿತ್ತು. ನಾನು ಬಯಲುಸೀಮೆಯವನು. ಸಮುದ್ರ ಕಂಡಿದ್ದೇ ಇಲ್ಲಿಗೆ ಬಂದ ಮೇಲೆ.

ದುಬೈಯ ಸತ್ವಾ ಬಡಾವಣೆಯಲ್ಲಿ ಒಂದು ಟೈಲರ್ ಅಂಗಡಿಯ ಮೇಲೆ ನಮ್ಮ ಸಂಘದ ಹಾಲ್ ಇದೆ. ಶನಿವಾರ ಬೆಳಿಗ್ಗೆ ಅಲ್ಲಿ ಮಕ್ಕಳಿಗೆ ಕನ್ನಡ ಕ್ಲಾಸು. ಕಲಿಸುವವರು ಮಲ್ಪೆಯ ಹೆಣ್ಣುಮಗಳು. ವಾರವಿಡೀ ಆಫೀಸಿನ ಕೆಲಸ, ಶನಿವಾರ ಒಂದು ದಿನ ಟೀಚರ್. ಅವರೇ ಮನೆಮನೆಗೆ ಫೋನ್ ಮಾಡಿ ಮಕ್ಕಳನ್ನು ಸೇರಿಸಿ ಕಟ್ಟಿದ ಕ್ಲಾಸು ಅದು. ಈಗ ಅದೇ ಹೊತ್ತಿಗೆ ಹಾಲ್ ಬೇಕೆಂದು ಜುಂಬಾ ಕಲಿಸುವವರು ಕೇಳಿದ್ದರು. ಸಂಘದ ಅಧ್ಯಕ್ಷರು ಮೈಸೂರಿನವರು, ಐಟಿ ಕಂಪನಿಯಲ್ಲಿ ದೊಡ್ಡ ಹುದ್ದೆ. ಅವರು ಟೀಚರನ್ನು ಕರೆದು ಹೇಳಿದರು:

"ನೋಡಿ ಮೇಡಂ, ಜುಂಬಾಗೆ ಜನ ಜಾಸ್ತಿ ಬರ್ತಾರೆ. ವಾರ್ಷಿಕೋತ್ಸವದಲ್ಲಿ ನಿಮ್ಮ ಮಕ್ಕಳು ಕನ್ನಡದಲ್ಲಿ ಏನಾದರೂ ವೈಜ್ಞಾನಿಕವಾಗಿ ಮಾಡಿ ತೋರಿಸಲಿ. ನೋಡಿ ತೀರ್ಮಾನ ಮಾಡೋಣ."

ಟೀಚರ್ ನೇರ ನನ್ನಲ್ಲಿಗೆ ಬಂದರು. "ಮಲ್ಪೆಯವಳಿಗೆ ಸಮುದ್ರ ಬಿಟ್ಟು ಬೇರೆ ಎಂತ ವಿಜ್ಞಾನ ಗೊತ್ತುಂಟು ಸರ್? ಕಡಲ ಪ್ರಾಣಿಗಳ ಹೊರಕವಚ ಅಂತ ಒಂದು ಪ್ರದರ್ಶನ ಇಡುವ. ಸಾಮಾನು ನಾನು ತರ್ತೇನೆ, ಹೆಸರು ನೀವು ಹೇಳಿ. ಇದು ಚೆನ್ನಾಗಿ ಆಗದಿದ್ದರೆ ನಮ್ಮ ಕ್ಲಾಸು ಖಲಾಸ್."

ಆಯಿತು ಎಂದೆ. ಆ ಒಂದು ಪದಕ್ಕೆ ನನ್ನ ಇಡೀ ಚಳಿಗಾಲ ಹೋಯಿತು.

ಚಿಪ್ಪು

ಮೊದಲ ಶನಿವಾರ ನಾನು ಹಾಲಿನ ಹಿಂದಿನ ಸಾಲಿನಲ್ಲಿ, ಮಕ್ಕಳನ್ನು ಬಿಡಲು ಬಂದ ತಂದೆತಾಯಂದಿರ ಜೊತೆ ಕೂತಿದ್ದೆ. ಟೀಚರ್ ಬೀಚಿನಲ್ಲಿ ಆರಿಸಿ ತಂದ ಒಂದು ಚಿಪ್ಪನ್ನು ಎತ್ತಿ ತೋರಿಸಿದರು.

"ಇದು ಚಿಪ್ಪು. ಈ ಪದ ಬೇರೆ ಎಲ್ಲಿ ಕೇಳಿದ್ದೀರಿ ಮಕ್ಕಳೇ?"

"ಅಜ್ಜಿಯ ಮೊಣಕಾಲಲ್ಲಿ ಉಂಟು," ಎಂದ ಒಬ್ಬ. "ಈಗ ಅದು ಸ್ಟೀಲಿಂದು."

"ಸರಿ. ಮತ್ತೆ?"

"ಬಾಳೆಹಣ್ಣು. ಒನ್ ಚಿಪ್ಪು ಬನಾನಾ."

"ಅದೂ ಸರಿ. ಮತ್ತೆ?"

ಮೂರನೇ ಕ್ಲಾಸಿನ ಒಬ್ಬಳು ಹುಡುಗಿ ಕೈಯೆತ್ತಿದಳು. ಕನ್ನಡದಲ್ಲಿ ಕೇಳಿದರೆ ಇಂಗ್ಲಿಷಿನಲ್ಲಿ ಉತ್ತರ ಕೊಡುವುದು ಅವಳ ಪದ್ಧತಿ. "ಡ್ಯಾಡಿ ಆಫೀಸ್."

"ಆಫೀಸಿನಲ್ಲಿ ಎಂತ ಚಿಪ್ಪು ಮಗಾ?"

"ಎವ್ರಿ ಇಯರ್ ಅಮ್ಮ ಆಸ್ಕ್ಸ್, ವಾಟ್ ಅಬೌಟ್ ಇನ್‌ಕ್ರಿಮೆಂಟ್? ಡ್ಯಾಡಿ ಸೇಸ್, ಚಿಪ್ಪು."

ನನ್ನ ಪಕ್ಕದಲ್ಲಿ ಕೂತಿದ್ದ ಅವಳ ತಂದೆ ಫೋನ್ ಬಂದವರಂತೆ ಎದ್ದು ಅವಸರದಲ್ಲಿ ಹೊರಗೆ ಹೋದರು. ಫೋನ್ ಕುರ್ಚಿಯ ಮೇಲೆಯೇ ಇತ್ತು.

ಕವಾಟ

ಚಿಪ್ಪು ಎಂಬ ಪದ ಅಧ್ಯಕ್ಷರಿಗೆ ಒಪ್ಪಿಗೆಯಾಗಲಿಲ್ಲ.

"ಎಲ್ಲಕ್ಕೂ ಚಿಪ್ಪು ಚಿಪ್ಪು ಅಂತ ಬರೆದರೆ ವಿಜ್ಞಾನ ಎಲ್ಲಿ ಬಂತು ಸಾರ್? ಇಂಗ್ಲಿಷಿನಲ್ಲಿ ನೋಡಿ, ಏಡಿಗೆ ಕ್ಯಾರಪೇಸ್, ಮೀನಿಗೆ ಸ್ಕೇಲ್, ಮತ್ತೆ ಅದ್ಯಾವುದೋ ಎರಡು ಚಿಪ್ಪಿಂದು, ಅದಕ್ಕೆ ವಾಲ್ವ್. ಒಂದೊಂದಕ್ಕೆ ಒಂದೊಂದು. ಕನ್ನಡ ಅಷ್ಟು ಬಡವೇ?"

ಅವರು ಶುದ್ಧ ಸಸ್ಯಾಹಾರಿ. ಈ ಪ್ರಾಣಿಗಳ ಹೆಸರನ್ನೂ ಸ್ವಲ್ಪ ದೂರ ನಿಂತೇ ಹೇಳುತ್ತಿದ್ದರು.

ಅವರು ಹೇಳಿದ ಎರಡು ಚಿಪ್ಪಿನದು ಮರುವಾಯಿ. ಬದುಕಿದ್ದಾಗ ಚಿಪ್ಪು ಬಿಗಿಯಾಗಿ ಮುಚ್ಚಿಕೊಂಡು ಕೂರುತ್ತದೆ, ಸತ್ತ ಮೇಲೆ ಕರಾವಳಿಯವರ ತಟ್ಟೆಯಲ್ಲಿ ಸುಕ್ಕಾ ಆಗುತ್ತದೆ. ಆ ವಾರ ನನ್ನ ಕಾಲೇಜು ಗೆಳೆಯನೊಬ್ಬ ರುವೈಸ್‌ನಿಂದ ರಜೆಗೆ ಬಂದು ನನ್ನ ಮನೆಯಲ್ಲಿದ್ದ. ಅಲ್ಲಿನ ರಿಫೈನರಿಯಲ್ಲಿ ಅವನಿಗೆ ವಾಲ್ವ್‌ಗಳದ್ದೇ ಕೆಲಸ. ಸೋಫಾದ ಮೇಲೆ ಮಲಗಿದ್ದವನು ನಾನು ಟೀಚರ್ ಜೊತೆ ಫೋನಿನಲ್ಲಿ "ವಾಲ್ವ್" ಎಂದದ್ದು ಕೇಳಿ ಎದ್ದು ಕೂತ.

"ಯಾವ ಟೈಪ್ ವಾಲ್ವ್?"

"ಮರುವಾಯಿಯದು," ಎಂದೆ.

"ಅದು ಯಾವ ಕಂಪನಿ? ಸ್ಪೀಕರಿಗೆ ಹಾಕು." ಹಾಕಿದೆ. "ಮೇಡಂ, ನಿಮ್ಮ ವಾಲ್ವ್ ಯಾವಾಗ ಓಪನ್ ಆಗುತ್ತೆ?"

"ಬಿಸಿ ನೀರಿಗೆ ಹಾಕಿದ್ರೆ ತಾನಾಗಿಯೇ ಬಾಯಿ ಬಿಡ್ತದೆ," ಎಂದರು ಟೀಚರ್.

"ಬಿಸಿಯಾದರೆ ಓಪನ್ನಾ? ಹಾಗಾದರೆ ಅದು ಸೇಫ್ಟಿ ವಾಲ್ವ್. ಬಿಸಿಯಾದರೂ ಓಪನ್ ಆಗದಿದ್ದರೆ?"

"ಬಿಸಾಡುವುದು. ಮತ್ತೆಂತ, ತಿನ್ಲಿಕ್ಕಾಗ್ತದಾ?"

ಗೆಳೆಯ ಫೋನಿನ ಕಡೆ ಗೌರವದಿಂದ ನೋಡಿದ. "ಮೇಡಂ, ಇದನ್ನು ನಮ್ಮ ಮ್ಯಾನೇಜರಿಗೆ ಒಂದು ಸಲ ಹೇಳ್ತೀರಾ?"

ವಾಲ್ವ್‌ಗೆ ನಾನು ಕೊಟ್ಟ ಪದ ಕವಾಟ. ಬಾಗಿಲಿನ ರೆಕ್ಕೆ ಎಂದು ಅರ್ಥ, ಹೃದಯದ ವಾಲ್ವ್‌ಗೂ ಕನ್ನಡದಲ್ಲಿ ಅದೇ ಪದ. ಅಧ್ಯಕ್ಷರಿಗೆ ಬಹಳ ಮೆಚ್ಚುಗೆಯಾಯಿತು. ಮಕ್ಕಳು ಕೇಳಿಸಿಕೊಂಡದ್ದು ಮಾತ್ರ ಬೇರೆ. ಮುಂದಿನ ಶನಿವಾರ ಬೋರ್ಡಿನ ಮೇಲೆ ದುಂಡಗಿನ ಅಕ್ಷರದಲ್ಲಿ ಹೀಗಿತ್ತು: "ಮರುವಾಯಿಗೆ ಎರಡು ಕಪಾಟು ಇರುತ್ತದೆ."

ಅದನ್ನು ಓದಿ ನಿಂತಿದ್ದ ಒಬ್ಬ ತಂದೆ ನಿಟ್ಟುಸಿರು ಬಿಟ್ಟರು. "ಅದೃಷ್ಟ ಮಾರಾಯ್ರೇ. ನಮ್ಮ ಫ್ಲ್ಯಾಟಿನಲ್ಲಿ ಎರಡು ಫ್ಯಾಮಿಲಿಗೆ ಒಂದೇ."

ಪರೀಕ್ಷೆ

ಅಧ್ಯಕ್ಷರು ಸುಮ್ಮನೆ ಕೂರುವವರಲ್ಲ. ಕಡಲ ಮುಳ್ಳುಹಂದಿಯ ಫಲಕವನ್ನು ತಾವೇ ಬರೆಯುತ್ತೇನೆಂದರು. ಮೈತುಂಬ ಮುಳ್ಳಿರುವ, ಚೆಂಡಿನಂಥ ಪ್ರಾಣಿ ಅದು. ಅದರ ಹೊರಕವಚಕ್ಕೆ ವಿಜ್ಞಾನಿಗಳು ಯಾಕೋ "ಟೆಸ್ಟ್" ಎಂದು ಹೆಸರಿಟ್ಟಿದ್ದಾರೆ. ಅಧ್ಯಕ್ಷರು ಇಂಗ್ಲಿಷ್ ವಿವರಣೆಯನ್ನು ಫೋನಿನ ಅನುವಾದಕ್ಕೆ ಕೊಟ್ಟು, ಬಂದದ್ದನ್ನು ಬಣ್ಣದಲ್ಲಿ ಪ್ರಿಂಟ್ ಹಾಕಿಸಿಕೊಂಡು ಬಂದರು:

"ಕಡಲ ಮುಳ್ಳುಹಂದಿಯ ಪರೀಕ್ಷೆ ತುಂಬಾ ಗಟ್ಟಿಯಾಗಿದೆ. ಅದು ಸತ್ತ ನಂತರವೂ ಪರೀಕ್ಷೆ ಉಳಿಯುತ್ತದೆ. ಅಲೆಗಳು ಪರೀಕ್ಷೆಯನ್ನು ದಡಕ್ಕೆ ತರುತ್ತವೆ."

ಟೀಚರ್ ಓದಿ ನನ್ನ ಮುಖ ನೋಡಿದರು. ನಾನು ಫಲಕ ನೋಡಿದೆ. ಅಷ್ಟರಲ್ಲಿ ತಂಗಿಯನ್ನು ಕರೆದೊಯ್ಯಲು ಬಂದಿದ್ದ ಹತ್ತನೇ ಕ್ಲಾಸಿನ ಹುಡುಗಿಯೊಬ್ಬಳು ಅದನ್ನು ಅಕ್ಷರ ಅಕ್ಷರ ಕೂಡಿಸಿ ಓದಿದಳು. ಬೋರ್ಡ್ ಎಕ್ಸಾಮ್ ಹತ್ತಿರ ಬಂದಿತ್ತು.

"ಸತ್ತ ಮೇಲೂನಾ?" ಎಂದಳು.

ಸ್ಕೇಲು

ಮೀನಿನ ಮೈಮೇಲಿನ ಹುರುಪೆ ಬೇಕಿತ್ತು. ಟೀಚರ್ ಜೊತೆ ದೇರಾದ ಮೀನು ಮಾರ್ಕೆಟಿಗೆ ನಾನೂ ಹೋದೆ. ಅವರ ಹಿಂದಿ ಮಲ್ಪೆಯಿಂದ ಬಂದದ್ದು, ಮೀನು ಸ್ವಚ್ಛ ಮಾಡುವವನ ಹಿಂದಿ ಇನ್ನೂ ದೂರದಿಂದ ಬಂದದ್ದು.

"ಭಯ್ಯಾ, ಮಛಲಿ ನಹೀ ಚಾಹಿಯೇ. ಸ್ಕೇಲ್ ಚಾಹಿಯೇ."

ಅವನು ಚಾಕು ಕೆಳಗಿಟ್ಟ. ಮುಖ ಗಂಭೀರವಾಯಿತು. ತೂಕದ ಯಂತ್ರವನ್ನು ಒರೆಸಿ, ನಮ್ಮ ಕಡೆ ತಿರುಗಿಸಿ, ಏನನ್ನೂ ಇಡದೆ ಸೊನ್ನೆ ತೋರಿಸಿದ. "ಸ್ಕೇಲ್ ಏಕ್‌ದಮ್ ಠೀಕ್ ಹೈ ಮೇಡಂ."

"ಯೇ ಸ್ಕೇಲ್ ನಹೀ!" ಎಂದರು ಟೀಚರ್.

"ಯಹೀ ಸ್ಕೇಲ್ ಹೈ! ದೂಸ್ರಾ ಮಾಫಿ!" ಎಂದು, ಬೇರೆ ಇಲ್ಲವೆನ್ನಲು ಅರಬಿ ಬೆರೆಸಿ, ಅವನೂ ದನಿ ಎತ್ತಿದ. ಅಕ್ಕಪಕ್ಕದವರು ಬಂದು ಸೇರಿದರು. ಅವರ ಎದುರು ಅವನು ಒಂದು ಇಡೀ ಅಂಜಲ್ ಮೀನನ್ನು ತನ್ನ ಯಂತ್ರದಲ್ಲೂ ಪಕ್ಕದವನ ಯಂತ್ರದಲ್ಲೂ ತೂಗಿ ತೋರಿಸಿದ. ಎರಡೂ ಒಂದೇ ಬಂತು. ಕೊನೆಗೆ ಟೀಚರ್ ಕಸದ ಬುಟ್ಟಿಯತ್ತ ಬೆರಳು ತೋರಿಸಿದರು. ಅವನಿಗೆ ಅರ್ಥವಾಯಿತು. ದೊಡ್ಡ ಹುರುಪೆಗಳನ್ನು ಆರಿಸಿ ಒಂದು ಚೀಲ ತುಂಬಿಸಿ ಕೊಟ್ಟ. ದುಡ್ಡು ಬೇಡವೆಂದ. ನಾವು ಹೋಗುವುದಷ್ಟೇ ಅವನಿಗೆ ಬೇಕಿತ್ತು.

ಮೆಟ್ರೋ ಸ್ಟೇಷನ್ನಿನಲ್ಲಿ ವಾಸನೆ ಹಿಡಿದು ಗಾರ್ಡ್ ತಡೆದ. "ಮೀನು ಒಳಗೆ ತರುವಂತಿಲ್ಲ."

"ಮೀನಿಲ್ಲ," ಎಂದು ಟೀಚರ್ ಚೀಲ ಬಿಚ್ಚಿದರು. "ಮೀನಿನ ಬಟ್ಟೆ ಮಾತ್ರ."

ಗಾರ್ಡ್ ಬಗ್ಗಿ ನೋಡಿದ. ಬಹಳ ಹೊತ್ತು ಯೋಚಿಸಿದ. "ಅದು ಈಗ ಎಲ್ಲಿದೆ?" ಎಂದು ಕೇಳಿದ.

ಟ್ಯಾಕ್ಸಿಯಲ್ಲಿ, ಕಿಟಕಿ ಇಳಿಸಿಕೊಂಡು ಬಂದೆವು.

ಹುರುಪು

ಇದು ಚಿಕ್ಕದು. ಹುರುಪೆಗಳನ್ನು ತೊಳೆದು ಒಣಗಿಸಿ ರಟ್ಟಿಗೆ ಅಂಟಿಸಿ, ಮಕ್ಕಳೇ ಕೆಳಗೆ ವಿವರಣೆ ಬರೆದರು. ಎ-ಕಾರ ಉ-ಕಾರಗಳ ಬಗ್ಗೆ ಅವರಿಗೆ ಅಂಥ ಹಟವೇನೂ ಇಲ್ಲ.

"ಮೀನಿನ ಮೈತುಂಬ ಹುರುಪು ಇರುತ್ತದೆ. ದುಬೈ ಮಾರ್ಕೆಟಿಗೆ ಬಂದ ಮೇಲೆ ಅದನ್ನು ಕೆರೆದು ತೆಗೆಯುತ್ತಾರೆ."

ತಿದ್ದಬೇಕೆಂದು ಪೆನ್ನು ತೆಗೆದೆ. ಮತ್ತೆ ರಜೆಗೆ ಬಂದಿದ್ದ ರುವೈಸ್‌ನ ಗೆಳೆಯ ನನ್ನ ಕೈ ಹಿಡಿದುಕೊಂಡ.

"ಬಿಡೋ. ಇಷ್ಟು ವರ್ಷದಲ್ಲಿ ನನ್ನ ಬಗ್ಗೆ ಯಾರೂ ಇಷ್ಟು ಸರಿಯಾಗಿ ಬರೆದಿರಲಿಲ್ಲ."

ಸನ್ಯಾಸಿ

ವಾರ್ಷಿಕೋತ್ಸವದ ದಿನ ಹಾಲ್ ತುಂಬಿತ್ತು. ಗೋಡೆಯುದ್ದಕ್ಕೂ ಮೇಜು, ಮೇಜಿನ ಮೇಲೆ ಕವಚಗಳು, ಪ್ರತಿಯೊಂದರ ಮುಂದೆ ಹೆಸರು, ಹೆಸರಿನ ಹಿಂದೆ ಒಂದು ಮಗು. ಕಪಾಟು ಕವಾಟವಾಗಿತ್ತು. ಪರೀಕ್ಷೆ ಮುಂದಕ್ಕೆ ಹೋಗಿತ್ತು. ಅಧ್ಯಕ್ಷರ ಫಲಕವನ್ನು ಟೀಚರ್ ಗೋಡೆಗೆ ಮುಖಮಾಡಿ ಇಟ್ಟಿದ್ದರು. ಜುಂಬಾ ಕಲಿಸುವವರೂ ಬಂದು, ಹಾಲಿನ ಉದ್ದ ಅಗಲ ಕಣ್ಣಲ್ಲೇ ಅಳೆಯುತ್ತ ಬಾಗಿಲ ಬಳಿ ನಿಂತಿದ್ದರು.

ಅಧ್ಯಕ್ಷರು ಕಮಿಟಿಯವರೊಂದಿಗೆ ಒಂದೊಂದೇ ಮೇಜು ನೋಡುತ್ತ ಬಂದರು. "ದ್ವಿಕವಾಟ, ಭೇಷ್. ಮೇಲ್ಗವಚ, ಚೆನ್ನಾಗಿದೆ." ಟೀಚರ್ ಎರಡು ಹೆಜ್ಜೆ ಹಿಂದೆ, ಸೆರಗಿನ ತುದಿಯನ್ನು ಬೆರಳಿಗೆ ಸುತ್ತುತ್ತ ಬರುತ್ತಿದ್ದರು.

ಕೊನೆಯ ಮೇಜಿನಲ್ಲಿ ಗಾಜಿನ ಡಬ್ಬಿಯೊಳಗೆ ಮರಳು ಹಾಕಿ ಒಂದು ಸನ್ಯಾಸಿ ಏಡಿ ಬಿಟ್ಟಿದ್ದರು. ಅದು ಬೇರೆ ಪ್ರಾಣಿ ಬಿಟ್ಟುಹೋದ ಶಂಖದೊಳಗೆ ಹೊಕ್ಕು, ಅದನ್ನೇ ಹೊತ್ತು ತಿರುಗುತ್ತದೆ. ಇದ್ದ ಶಂಖ ಅದರದ್ದಲ್ಲವಾದ್ದರಿಂದ ಏನು ಹೆಸರು ಹಾಕುವುದೆಂದು ನನಗೆ ತಿಳಿದಿರಲಿಲ್ಲ. ಫಲಕ ಖಾಲಿ ಬಿಡಿಸಿದ್ದೆ. ಮೇಜಿನ ಹಿಂದೆ ಇನ್‌ಕ್ರಿಮೆಂಟ್ ಹುಡುಗಿ ನಿಂತಿದ್ದಳು.

ಅಧ್ಯಕ್ಷರು ನಿಂತರು. "ಏನಮ್ಮಾ ಪುಟ್ಟಿ, ಎಲ್ಲದಕ್ಕೂ ಹೆಸರಿದೆ, ಇದಕ್ಕೇ ಇಲ್ಲವಲ್ಲ? ಈ ಏಡಿಯ ಕವಚಕ್ಕೆ ಏನಂತಾರೆ?"

ಟೀಚರ್ ಮುಖ ಬಾಡಿತು. ಹುಡುಗಿ, "ಇಟ್ಸ್ ನಾಟ್ ಹಿಸ್, ಅಂಕಲ್," ಎಂದಳು.

"ಕನ್ನಡದಲ್ಲಿ ಹೇಳಬೇಕು."

ಅವಳು ಒಂದು ಸಲ ಟೀಚರ್ ಕಡೆ ನೋಡಿ, ಉಸಿರೆಳೆದುಕೊಂಡು ಶುರು ಮಾಡಿದಳು. "ಅದು ಅದರದ್ದಲ್ಲ ಅಂಕಲ್. ಬೇರೆ ಯಾರದ್ದೋ. ಅವರು ವೀಸಾ ಕ್ಯಾನ್ಸಲ್ ಆಗಿ ಎಕ್ಸಿಟ್ ಹೋದ್ರು. ಇದು ಬಂದು ಉಳ್ಕೊಂಡಿತು."

ಹಿಂದಿನಿಂದ ಯಾರೋ ಕಿಸಕ್ಕೆಂದರು.

"ಸರಿ, ಆದರೂ ಅದಕ್ಕೊಂದು ಹೆಸರು ಬೇಕಲ್ಲ?"

"ಬೆಡ್‌ಸ್ಪೇಸ್."

ಹಾಲಿನಲ್ಲಿದ್ದ ಅರ್ಧ ಜನ ಬಂಕ್ ಬೆಡ್ ಒಂದನ್ನು ಬಾಡಿಗೆಗೆ ಹಿಡಿದೇ ಇಲ್ಲಿ ಬದುಕು ಶುರುಮಾಡಿದವರು. ನಗು ಟೈಲರ್ ಅಂಗಡಿಯವರೆಗೂ ಇಳಿದಿರಬೇಕು. ಅಧ್ಯಕ್ಷರಿಗೂ ನಗು ಬಂತು. ಬಂದ ನಗುವನ್ನು ತಡೆದುಕೊಂಡು ಇನ್ನೊಂದು ಪ್ರಶ್ನೆ ಕೇಳಿದರು. ಅದು ಬೇಕಿರಲಿಲ್ಲ.

"ಹಾಗಾದರೆ ಅದು ಅಲ್ಲೇ ಇರುತ್ತಾ, ಯಾವಾಗಲೂ?"

"ಇಲ್ಲ ಅಂಕಲ್. ದೊಡ್ಡ ಏಡಿ ಬಂದು ಯಲ್ಲಾ ಯಲ್ಲಾ ಅಂತ ಎಬ್ಬಿಸ್ತದೆ. ಹೋಗ್ಬೇಕು. ನಮ್ಮ ಕ್ಲಾಸ್ ಥರ." ಇಷ್ಟು ಉದ್ದದ ಕನ್ನಡ ಅವಳ ಬಾಯಿಂದ ಯಾರೂ ಕೇಳಿರಲಿಲ್ಲ. ಅವಳು ಬಾಗಿಲ ಕಡೆ ಬೆರಳು ತೋರಿಸಿದಳು. "ನೆಕ್ಸ್ಟ್ ವೀಕ್ ಜುಂಬಾ ಏಡಿ ಬರ್ತದೆ."

ಟೀಚರ್ ಸೆರಗಿನಿಂದ ಬಾಯಿ ಮುಚ್ಚಿಕೊಂಡರು. ಮೊದಲು ನಕ್ಕವರು ಜುಂಬಾ ಕಲಿಸುವವರು. ಪಕ್ಕದವರು ಅರ್ಥ ಹೇಳಿಕೊಟ್ಟಿರಬೇಕು. ಅವರು ಎರಡೂ ಕೈಗಳನ್ನು ಏಡಿಯ ಕೊಂಡಿಗಳಂತೆ ಎತ್ತಿ ಆಡಿಸಿದ ಮೇಲೆ ಹಾಲ್ ಯಾರ ಕೈಗೂ ಸಿಗಲಿಲ್ಲ. ಆ ಗಲಾಟೆಯಲ್ಲೇ ಅವರು, ತಮಗೆ ಶನಿವಾರ ಸಂಜೆಯಾದರೂ ಆಗುತ್ತದೆ ಎಂದರು. ಅಧ್ಯಕ್ಷರು ಮೈಕ್ ತೆಗೆದುಕೊಂಡು, ಬೆಳಿಗ್ಗೆಯ ಹೊತ್ತು ಮಕ್ಕಳಿಗೇ ಎಂದು ಘೋಷಿಸಿದರು. ಟೀಚರ್ ಹುಡುಗಿಯನ್ನು ಎತ್ತಿಕೊಂಡರು. ಎತ್ತಿಕೊಳ್ಳುವ ವಯಸ್ಸು ಅವಳಿಗೆ ಮುಗಿದಿತ್ತು.

ಊಟದ ಸಾಲಿನಲ್ಲಿ ಅಧ್ಯಕ್ಷರು ನನ್ನನ್ನು ಪಕ್ಕಕ್ಕೆ ಕರೆದರು.

"ಎಲ್ಲಾ ಸರಿ ಸಾರ್. ಆದರೆ ಬೆಡ್‌ಸ್ಪೇಸ್ ಅನ್ನೋದು ಕನ್ನಡ ಅಲ್ಲವಲ್ಲ. ಆ ಖಾಲಿ ಫಲಕಕ್ಕೆ ಒಂದು ಒಳ್ಳೇ ಪದ ಹೇಳಿ. ಅಚ್ಚಕನ್ನಡದ್ದಾಗಿರಬೇಕು, ಎಲ್ಲರಿಗೂ ಅರ್ಥವಾಗಬೇಕು, ಕವಚಕ್ಕೂ ಒಪ್ಪಬೇಕು, ಕೊನೆಗೆ ನಮ್ಮ ಕೈಯಲ್ಲಿ ಏನು ಉಳಿಯುತ್ತೆ ಅನ್ನೋದೂ ಅದರಲ್ಲೇ ಬರಬೇಕು."

ನಾನು ಹೆಚ್ಚು ಯೋಚಿಸಬೇಕಾಗಿ ಬರಲಿಲ್ಲ.

"ಚಿಪ್ಪು," ಎಂದೆ.