ಹಿಂದಿ ಹೀರೋ ಮೇಲೆ ನನ್ನ ಹೊಟ್ಟೆಕಿಚ್ಚು

ಮೊನ್ನೆ ಟೀವಿಯಲ್ಲಿ ಆ ಹಿಂದಿ ಹೀರೋ ಬಂದ. ನಮ್ಮನೆಯಲ್ಲಿ ಉಪ್ಪಿಟ್ಟು ತಳ ಹಿಡಿಯಿತು. ಮೂವತ್ತು ವರ್ಷದಿಂದ ಇದೇ ಗೋಳು. ಅವನು ಕಂಡರೆ ನನ್ನ ಹೆಂಡತಿ ಒಲೆ ಮರೀತಾಳೆ, ನನ್ನನ್ನೂ ಮರೀತಾಳೆ. ‘ನಿಮ್ಮಂಥ ಗಂಡಸು ಇನ್ನೊಬ್ಬನಿಲ್ಲ’ ಅಂತ ಅವಳ ಬಾಯಲ್ಲಿ ಒಂದೇ ಒಂದು ಸಲ ಕೇಳಬೇಕೆಂದು ನಾನು ಪಟ್ಟ ಪಾಡು ಅಷ್ಟಿಷ್ಟಲ್ಲ.

೧. ಗುದ್ದಾಟದ ಕಾಲ

ನಮ್ಮ ಮದುವೆಯಾದಾಗ ಹಿಂದಿ ಹೀರೋಗಳು ಬರೀ ಹೊಡೆದಾಡುತ್ತಿದ್ದರು. ಒಬ್ಬ ಹತ್ತು ಜನರನ್ನು ಗಾಜಿನ ಬಾಗಿಲಿಗೆ ಎಸೆಯುತ್ತಿದ್ದ. ಮಧುಗಿರಿ ಟಾಕೀಸಿನಲ್ಲಿ ಹೆಂಡತಿ ನನ್ನ ಕಿವಿಯ ಹತ್ತಿರ ಬಂದು, “ಏನಂತಾನ್ರೀ?” ಅನ್ನೋಳು. ಇಡೀ ಬೀದಿಗೆ ಹಿಂದಿ ಬರುತ್ತಿದ್ದವನು ನಾನೊಬ್ಬನೇ. ಹಿಂದಿ ಪರೀಕ್ಷೆಗೆ ಮೂರು ಸಲ ಕೂತಿದ್ದೆ, ಅಷ್ಟು ಪ್ರೀತಿ ಆ ಭಾಷೆ ಮೇಲೆ! ಇದ್ದದ್ದು ಇದ್ದ ಹಾಗೇ ಹೇಳುತ್ತಿದ್ದೆ.

“ನಾನೂ ಮಧುಗಿರಿ ಬೆಟ್ಟಾನ ಒಂದೇ ಉಸಿರಿಗೆ ಹತ್ತಿದೀನಿ ಕಣೇ,” ಅಂದೆ ಒಂದು ಸಲ.

“ಹೌದು, ಇಳಿಸೋಕೆ ನಾಕು ಜನ ಬೇಕಾದ್ರಂತೆ. ಅತ್ತೆ ಹೇಳಿದ್ರು.”

೨. ಸ್ವೆಟರಿನ ಕಾಲ

ತೊಂಬತ್ತರ ದಶಕ ಬಂತು ನೋಡಿ, ಹೀರೋಗಳು ಹೊಡೆಯೋದು ಬಿಟ್ಟು ಅಳೋಕೆ ಶುರು ಮಾಡಿದರು. ಹಿಮದ ಬೆಟ್ಟ, ಕೈಯಲ್ಲಿ ಗುಲಾಬಿ, ಮೈಮೇಲೆ ಸ್ವೆಟರ್. ಮೊನ್ನೆ ಟೀವಿಯಲ್ಲಿ ಬಂದನಲ್ಲ, ಅವನು ವಕ್ಕರಿಸಿದ್ದೂ ಆಗಲೇ. ಹೆಂಡತಿ ನಿಟ್ಟುಸಿರಿಟ್ಟಳು: “ಹುಡುಗಿ ಅಪ್ಪನ ಕಾಲಿಗೂ ಬೀಳ್ತಾನೆ. ನೀವು ನಮ್ಮಪ್ಪಂಗೆ ಕೈ ಮುಗಿದಿದ್ದು ಹೋಳಿಗೆ ಬಡಿಸಿದ ಮೇಲೆ!”

ಮಾರನೇ ದಿನವೇ ಹಳದಿ ಸ್ವೆಟರ್ ತಂದೆ. ಅದನ್ನು ಹಾಕಿಕೊಂಡು, ಅವಳನ್ನು ಕರೆದುಕೊಂಡು ನಾದಿನಿ ಮನೆಗೆಂದು ಪಾವಗಡದ ಬಸ್ ಹತ್ತಿದೆ. ಏಪ್ರಿಲ್ ತಿಂಗಳು. ಕಂಡಕ್ಟರ್ ನನ್ನ ಬೆವರು ನೋಡಿ, “ಏಮಿ ಸಾರ್, ಚಲಿಜ್ವರಮಾ?” ಅಂತ ತೆಲುಗಿನಲ್ಲಿ ಕೇಳಿ ಹಣೆ ಮುಟ್ಟಿದ. ಕೈಯಲ್ಲಿ ಕೋಳಿ ಹಿಡಿದಿದ್ದ ಅಜ್ಜಿಯೊಬ್ಬಳು ಎದ್ದು ನನಗೆ ಸೀಟು ಬಿಟ್ಟಳು. ಪಾವಗಡದವರೆಗೂ ಆ ಕೋಳಿ ನನ್ನ ಹೆಂಡತಿ ಕೈಯಲ್ಲಿತ್ತು.

೩. ಸುಳ್ಳಿನ ಕಾಲ

ಆಗ ನನ್ನ ಬುದ್ಧಿ ಚುರುಕಾಯಿತು. ಅವಳಿಗೆ ಹೀರೋ ಮಾತು ತಲುಪೋದೇ ನನ್ನ ಬಾಯಿಂದ ತಾನೆ? ಕೊರಟಗೆರೆ ಟಾಕೀಸಿನಲ್ಲಿ ಅವನು ಸಾಸಿವೆ ಹೊಲದಲ್ಲಿ ಕೈ ಚಾಚಿ ನಿಂತ.

“ಏನಂತಾನ್ರೀ?”

“ಊರಾಗೆ ಹೆಂಡ್ತಿ, ಎರಡು ಮಕ್ಕಳು ಅವರೆ, ಯಾರಿಗೂ ಹೇಳಬ್ಯಾಡ ಅಂತಾನೆ.”

ಮುಂದಿನ ಸಾಲಿನ ಅಜ್ಜಿಯೊಬ್ಬಳಿಗೆ ಇದು ಕೇಳಿಸಿಬಿಟ್ಟಿತು. “ಅಯ್ಯೋ ಮನೆಹಾಳ!” ಅಂತ ಪಕ್ಕದವಳಿಗೆ ಹೇಳಿದಳು. ಅವಳು ಆಚೆಯವಳಿಗೆ. ಇಂಟರ್‌ವಲ್ ಹೊತ್ತಿಗೆ ಹೆಂಗಸರ ಬಾಯಲ್ಲೆಲ್ಲ ಹೀರೋಗೆ ಶಾಪ. ಕೊನೆಗೆ ಹುಡುಗಿಯ ಅಪ್ಪ ಮಗಳ ಕೈಯನ್ನು ಹೀರೋ ಕೈಗೆ ಇಡುವಾಗ ಅಜ್ಜಿ ಬೆಂಚಿನ ಮೇಲೆ ನಿಂತು ಕೂಗಿದಳು: “ಲೇ, ಕೊಡಬ್ಯಾಡ ಕಣ್ಲಾ! ಅವನಿಗೆ ಮದ್ವೆ ಆಗೈತೆ! ಇಲ್ಲಿ ಹಿಂದಿ ಮೇಷ್ಟ್ರು ಅವರೆ, ಬೇಕಾದ್ರೆ ಕೇಳು!”

೪. ಬಳೆ ಅಂಗಡಿ

ಅಲ್ಲಿಂದ ಹತ್ತಾರು ಸಿನಿಮಾಗಳಲ್ಲಿ ಹೀರೋನನ್ನು ಕಳ್ಳ, ಕುಡುಕ, ಮೂಲವ್ಯಾಧಿ ರೋಗಿ, ಎಲ್ಲ ಮಾಡಿದೆ. ಮನೆಯಲ್ಲಿ ಸೋತರೂ ಟಾಕೀಸಿನಲ್ಲಾದರೂ ಗೆದ್ದೆ ಅಂತ ಬೀಗಿದೆ. ಹೋದ ವಾರ ಅವಳ ತವರು ಶಿರಾದಲ್ಲಿ ಬಳೆ ಅಂಗಡಿಗೆ ಹೋದೆವು. ಅಂಗಡಿಯವನು ಬೆಲೆ ಹೇಳಿದ್ದೇ ತಡ, ನನ್ನ ಹೆಂಡತಿ, “ಕ್ಯಾ ಭಾಯ್, ಇತ್ತಾ ಕೈಕು ಬೋಲ್ರೈ?” ಅಂತ ಉರ್ದುವಿನಲ್ಲೇ ಚೌಕಾಸಿ ಶುರು ಮಾಡಿದವಳು ಹತ್ತು ನಿಮಿಷ ನಿಲ್ಲಿಸಲಿಲ್ಲ. ನಾನು ಬಾಯಿ ತೆರೆದವನು ಮುಚ್ಚಲಿಲ್ಲ.

“ಲೇ, ನಿಂಗೆ ಇದೆಲ್ಲ ಬರ್ತದಾ?”

“ಇಲ್ಲಿ ನಮ್ಮ ಅಕ್ಕಪಕ್ಕದ ಮನೇರೆಲ್ಲ ಮಾತಾಡ್ತಿದ್ದಿದ್ದೇ ಇದು. ಹಿಂದಿ ಸಿನಿಮಾ ಅರ್ಥ ಆಗಕ್ಕೆ ಇನ್ನೇನು ಬೇಕು?”

“ಮತ್ತೆ ಏನಂತಾನೆ, ಏನಂತಾನೆ ಅಂತ ನನ್ನ ಯಾಕೆ ಕೇಳ್ತಿದ್ದೆ?”

“ಮೊದಮೊದಲು ಪಾಪ, ನಿಮ್ಮ ಮರ್ಯಾದೆ ಉಳೀಲಿ ಅಂತ. ಆಮೇಲೆ ರುಚಿ ಹತ್ತಿಬುಡ್ತು. ಹೀರೋ ಎಲ್ಲಾ ಸಿನಿಮಾದಾಗೂ ಹೇಳೋದು ಒಂದೇ. ನಿಮ್ಮ ಸುಳ್ಳು ದಿನಕ್ಕೊಂದು ಥರ ಇರೋದು.”

ನನ್ನ ಎದೆ ಉಬ್ಬಿತು. ಕೊನೆಗೂ ಆ ಸ್ವೆಟರಿನವನನ್ನು ಸೋಲಿಸಿಬಿಟ್ಟೆ! “ಅಂದ್ರೆ ಟಾಕೀಸಿನಾಗೆ ನಿನ್ನ ಮನಸ್ಸೆಲ್ಲ ನನ್ನ ಕಡೇನೇ ಇತ್ತು?”

ಅವಳು ಹೊಸ ಬಳೆ ಗಲಗಲ ಅನ್ನಿಸುತ್ತ ಅಂದಳು: “ಕಿವಿ ನಿಮ್ಮ ಕಡೆ ಇತ್ತು ಕಣ್ರೀ. ಕಣ್ಣು ಅವನ ಕಡೇನೇ.”