ಬರಹಗಾರನಿಗೆ ಮುನ್ನೂರು ಮೀಟರ್

ತನ್ನ ಮೇಲೆ ತನಗೇ ಆಕ್ಷೇಪಣೆ ಇಲ್ಲವೆಂಬುದನ್ನು ಅರ್ಜಿದಾರನು ಲಿಖಿತವಾಗಿ ಸಾಬೀತುಪಡಿಸತಕ್ಕದ್ದು. ತಾಲ್ಲೂಕು ಚಿತ್ರೀಕರಣ ಸಮನ್ವಯ ಸಮಿತಿಯಲ್ಲಿ ಈ ನಿಯಮ ಮೊದಲಿನಿಂದಲೂ ಇತ್ತು. ಅದನ್ನು ಬಳಸುವ ಯೋಗ ಕೂಡಿಬಂದದ್ದು ಮಾತ್ರ ನಟರಾಜು ಅರ್ಜಿ ಹಾಕಿದ ಮೇಲೆ.

ಬೆಟ್ಟದಪುರದ ನಟರಾಜು ಹದಿನೆಂಟು ವರ್ಷ ಟಿ.ವಿ. ಧಾರಾವಾಹಿಗಳಿಗೆ ಕಥೆ, ಸಂಭಾಷಣೆ, ನಿರ್ದೇಶನ ಎಲ್ಲವನ್ನೂ ಒಬ್ಬನೇ ಮಾಡಿ, ನಡುವೆ ಮೂರು ಸಿನಿಮಾ ತೆಗೆದು, ನಲವತ್ತೊಂದು ಸೊಸೆಯರಿಗೆ ವಿಷ ಹಾಕಿಸಿದ ಬಹುಮುಖ ಪ್ರತಿಭೆ. ಈಗ ಉಳಿದಿದ್ದು ಒಂದೇ ಆಸೆ. ಹೊಗೆಸೊಪ್ಪು ಬೇಯಿಸುವ ಬ್ಯಾರನ್ ಮನೆಯ ಮುಂದೆ ಅವ್ವ ಸುನಂದಮ್ಮನನ್ನು ಕೂರಿಸಿ, ಅವಳ ಬದುಕಿನ ಕಥೆಯನ್ನು ಅವಳ ಬಾಯಲ್ಲೇ ಹೇಳಿಸಿ ಸಿನಿಮಾ ಮಾಡಬೇಕು. ಬ್ಯಾರನ್ನಿನ ಬೆಂಕಿ ಇನ್ನು ಹನ್ನೆರಡು ದಿನ ಇರುತ್ತದೆ, ಆರಿತೆಂದರೆ ಮುಂದಿನ ವರ್ಷವೇ. ಅವ್ವನಿಗೆ ಎಂಬತ್ತೆರಡು.

ಅರ್ಜಿಯಲ್ಲಿ ಬರಹಗಾರ, ನಿರ್ದೇಶಕ ಎರಡೂ ಕಡೆ ಒಂದೇ ಸಹಿ ಕಂಡು ಸಮಿತಿಯ ಗುಮಾಸ್ತ ಮಹೇಶ್‌ಕುಮಾರ್ ಕನ್ನಡಕ ತೆಗೆದ.

"ಇಬ್ರೂ ಒಬ್ರೇ ಅಂದ್ರೆ ಎಂಗೆ ಸಾರ್? ಒಬ್ಬರ ಮೇಲೊಬ್ಬರಿಗೆ ತಕರಾರಿಲ್ಲ ಅಂತ ಯಾರು ಏಳ್ಬೇಕು? ಬೇರೆ ಬೇರೆ ವಿಚಾರಣೆ ಮಾಡ್ತೀವಿ ಬುಡಿ. ಬರಹಗಾರ್ರು ಅನ್ನೊಂದಕ್ಕೆ ಬರ್ಲಿ, ನಿರ್ದೇಶಕ್ರು ಅನ್ನೊಂದೂವರೆಗೆ."

ಹನ್ನೊಂದಕ್ಕೆ ನಟರಾಜು ಜುಬ್ಬ ಹಾಕಿಕೊಂಡು ಹೋದ. ನಿರ್ದೇಶಕರು ತಮ್ಮ ಕಥೆಯನ್ನು ಕೆಡಿಸಿದ್ದುಂಟೇ ಎಂದು ಕೇಳಲಾಯಿತು. ಇಲ್ಲ ಎಂದಿದ್ದರೆ ಅಲ್ಲಿಗೆ ಮುಗಿಯುತ್ತಿತ್ತು. ಆದರೆ ಹದಿನೆಂಟು ವರ್ಷದಲ್ಲಿ ಅವನನ್ನು ಯಾರೂ ಆ ಪ್ರಶ್ನೆ ಕೇಳಿರಲಿಲ್ಲ. ಮನಸ್ಸಿನಲ್ಲಿದ್ದದ್ದೆಲ್ಲ ಬಾಯಿಗೆ ಬಂತು. ತಾನು ಬರೆದ ಒಬ್ಬ ಸೊಸೆಯನ್ನಾದರೂ ಆ ಮನುಷ್ಯ ನೆಮ್ಮದಿಯಾಗಿ ಬಾಳಲು ಬಿಡಲಿಲ್ಲವೆಂದು ಕಣ್ಣೊರೆಸಿಕೊಂಡ. ಮಹೇಶ್‌ಕುಮಾರ್ ಟೀ ತರಿಸಿಕೊಟ್ಟು ಅಷ್ಟನ್ನೂ ಬರೆದುಕೊಂಡ.

ಹನ್ನೊಂದೂವರೆಗೆ ಟೋಪಿ ಹಾಕಿಕೊಂಡು ಬಂದ ನಟರಾಜು ಆ ಹೇಳಿಕೆ ಓದಿ ಕೆಂಡವಾದ. ಒಂದು ದಿನವಾದರೂ ಹೊತ್ತಿಗೆ ಸರಿಯಾಗಿ ಸೀನು ಬರೆದುಕೊಟ್ಟವನಲ್ಲ, ನನ್ನ ಮೇಲೆ ದೂರು ಬೇರೆ ಎಂದ. ಅದೂ ದಾಖಲಾಯಿತು.

ಹತ್ತನೇ ದಿನ ಆದೇಶ ಬಂತು: 'ಉಭಯ ಪಕ್ಷಗಳ ನಡುವೆ ತೀವ್ರ ವೈಮನಸ್ಯವಿರುವುದು ದೃಢಪಟ್ಟಿರುವುದರಿಂದ, ಶಾಂತಿ ಸುವ್ಯವಸ್ಥೆಯ ಹಿತದೃಷ್ಟಿಯಿಂದ ಬರಹಗಾರರು ಚಿತ್ರೀಕರಣ ಸ್ಥಳದ ಮುನ್ನೂರು ಮೀಟರ್ ಒಳಗೆ ಪ್ರವೇಶಿಸತಕ್ಕದ್ದಲ್ಲ. ಈ ಷರತ್ತಿಗೊಳಪಟ್ಟು ಅನುಮತಿಸಿದೆ.'

ಕಾವಲಿಗೆ ಬಂದ ಹೋಂಗಾರ್ಡ್ ಬೆಟ್ಟಸ್ವಾಮಿಯ ಕೈಯಲ್ಲಿ ಬರಹಗಾರನ ಫೋಟೊ ಇತ್ತು. ಅದರಲ್ಲಿ ಟೋಪಿ ಇಲ್ಲವಾದ್ದರಿಂದ ನಿರ್ದೇಶಕರಿಗೆ ಸೆಲ್ಯೂಟ್ ಹೊಡೆದು ಒಳಗೆ ಬಿಟ್ಟ. ಮಾತು ತಿದ್ದಬೇಕಾದಾಗಲೆಲ್ಲ ನಟರಾಜು ಮುನ್ನೂರು ಮೀಟರ್ ಆಚೆಯ ಹುಣಸೆಮರದಡಿಗೆ ಹೋಗಿ, ಟೋಪಿ ತೆಗೆದು ಕೂತು ಬರೆದು, ಮತ್ತೆ ಟೋಪಿ ಹಾಕಿಕೊಂಡು ಬರುತ್ತಿದ್ದ. ಮಾರನೆಯ ದಿನಕ್ಕೆಲ್ಲ ಊರವರು ಮರದಡಿಯವನಿಗೆ ಬೇರೆ, ಬ್ಯಾರನ್ ಮುಂದಿನವನಿಗೆ ಬೇರೆ ಕಾಫಿ ಕಳಿಸತೊಡಗಿದರು.

ಅಂದೇ ಬೆಂಕಿಯ ಕೊನೆಯ ದಿನ. ಒಲೆಯಲ್ಲಿ ಕಡೆಯ ಸೌದೆ ಉರಿಯುತ್ತಿತ್ತು. ಸುನಂದಮ್ಮ ಕ್ಯಾಮೆರಾ ಬಿಟ್ಟು ಹುಣಸೆಮರದ ಕಡೆ ನೋಡುತ್ತ ಕೂತಳು.

"ನನ್ ಕತೆ ಕೇಳಿ ಬರ್ಕಂಡೋನು ಅವ್ನು ಕಣಪ್ಪ. ಅವ್ನೂ ಬಂದು ಎದುರ್ಗೆ ಕೂತ್ಕಳ್ಳಿ, ಎಲ್ಲಾನೂ ಏಳ್ತೀನಿ."

ನಟರಾಜುವಿನ ಕೈ ಟೋಪಿಯ ಮೇಲೆ ಹೋಯಿತು. ಬೆಟ್ಟಸ್ವಾಮಿ ಜೇಬಿನಿಂದ ಫೋಟೊ ತೆಗೆದ.

"ಆಗಲ್ಲ ಕಣವ್ವ," ಎಂದ ನಟರಾಜು, ಟೋಪಿಯನ್ನು ಇನ್ನಷ್ಟು ಕೆಳಗೆಳೆದುಕೊಂಡು. "ಅವನ ಮ್ಯಾಲೆ ಆರ್ಡರ್ ಅದೆ."

ಊರವರು ನಿಜ ನಿಜ ಎಂದು ತಲೆಯಾಡಿಸಿದರು. ಆರ್ಡರ್ ಅಂದ ಮೇಲೆ ಇನ್ನೇನು ಎಂದು ಸುನಂದಮ್ಮನೂ ನಿರ್ದೇಶಕನಿಗೆ ಎಷ್ಟು ಬೇಕೋ ಅಷ್ಟು ಮಾತ್ರ ಹೇಳಿ, ಉಳಿದದ್ದನ್ನು ತನ್ನಲ್ಲೇ ಇಟ್ಟುಕೊಂಡು, ಸೆರಗು ಕೊಡವಿ ಎದ್ದಳು.